‘ತಾಯಿಯಂತೆ ಕಾಣುವುದಿಲ್ಲ’ ಎಂಬ ಷರಾ ಹೊಡೆದುಹಾಕುವ ಕುರಿತು

ಇಂದ:
ಭೀಮಾಶಂಕರ,
ಸಂಭಾಷಣೆ ಬರೆಯುವವ ಹಾಗೂ ಪಾತ್ರಗಳಿಗೆ ಜನ ಹುಡುಕುವವ,
ಮೆಹದಿಪಟ್ಟಣಂ, ಹೈದರಾಬಾದ್.

ಗೆ:
ಶ್ರೀಮತಿ ನಳಿನಿ,
ಮುಖ್ಯಸ್ಥರು, ಕನ್ನಡ ಧಾರಾವಾಹಿ ವಿಭಾಗ.

ವಿಷಯ: ಗದಿಗೆಮ್ಮ ಎಂಬುವರ ಹೆಸರಿನ ಮುಂದೆ ಬರೆದ ಷರಾ ರದ್ದುಪಡಿಸುವ ಬಗ್ಗೆ.

ಉಲ್ಲೇಖ: ಕಲಾವಿದರ ಆಯ್ಕೆ ಪುಸ್ತಕ, ಪುಟ ೪೭, ದಿನಾಂಕ ೧೪-೦೬-೨೦೦೫. ಅಕ್ಷರ ಅರ್ಜಿದಾರನದೇ.

ಮಾನ್ಯರೇ,

೧. ಅರ್ಜಿದಾರನು ಏಳು ವರ್ಷಗಳಿಂದ ಧಾರಾವಾಹಿಯ ತಾಯಂದಿರಿಗೆ ಮಾತು ಬರೆದುಕೊಡುತ್ತಿದ್ದಾನೆ. ಆ ಮಾತುಗಳೆಲ್ಲ ಅವನ ಅವ್ವನವು. ಅವಕ್ಕೆ ಮೈಸೂರು ಕನ್ನಡದ ಇಸ್ತ್ರಿ ಹಾಕುವುದಷ್ಟೇ ಅವನ ಪ್ರತಿಭೆ. ನೌಕರಿಗೆ ಸೇರುವಾಗ ‘ತಾಯಿ: ನಿವೃತ್ತ ಶಿಕ್ಷಕಿ, ಧಾರವಾಡ’ ಎಂದು ಬರೆದುಕೊಟ್ಟದ್ದು ಶುದ್ಧ ಸುಳ್ಳು. ಆಕೆ ಯಾದಗಿರಿ ಕಡೆಯವಳು. ಇದೇ ಊರಿನಲ್ಲಿ ಸಾಫ್ಟ್‌ವೇರ್ ಕಂಪನಿಗಳ ಕಟ್ಟಡಕ್ಕೆ ಇಟ್ಟಿಗೆ ಹೊರುತ್ತಾಳೆ.

೨. ಸದರಿ ದಿನ ಗುಂಪಿನ ದೃಶ್ಯಕ್ಕೆ ಕನ್ನಡದ ಹೆಂಗಸರು ಬೇಕೆಂದು ಅರ್ಜಿದಾರನೇ ಮಾದಾಪುರದ ಕಟ್ಟಡವೊಂದರ ಮೇಸ್ತ್ರಿಗೆ ಹೇಳಿಕಳಿಸಿದ್ದನು. ಬಂದ ಹನ್ನೊಂದು ಮಂದಿಯಲ್ಲಿ ಅವ್ವ ಗದಿಗೆಮ್ಮನೂ ಇದ್ದಳು. ಆ ವಾರ ಆಕೆಯ ಕೆಲಸ ಅಲ್ಲಿಗೆ ಬದಲಾದದ್ದು ಅವನಿಗೆ ಗೊತ್ತಿರಲಿಲ್ಲ. ಕಾರಣ, ಅವನು ಕೇಳಿರಲಿಲ್ಲ.

೩. ತಾವು ಆಕೆಯನ್ನೇ ಮುಂದೆ ಕರೆದು, “ಭೀಮಾಶಂಕರ್, ಇವರ ಮುಖ ಎಷ್ಟು ಚೆನ್ನಾಗಿದೆ! ಹೀರೋ ತಾಯಿ ಮಾಡಿಸೋಣ್ವಾ?” ಎಂದಿರಿ. ಅರ್ಜಿದಾರನ ಮುಖ ನೋಡಿದ ಕೂಡಲೇ ಆಕೆಗೆ ಎಲ್ಲ ತಿಳಿದುಹೋಯಿತು. ಸೆರಗು ಸರಿಮಾಡಿಕೊಂಡು, “ನಾ ಎಲ್ಲಿ ನಿಂದ್ರಬೇಕ್ರಿ ಸಾಹೇಬ್ರ?” ಎಂದು ಅವನನ್ನೇ ಕೇಳಿದಳು. ಏಳು ವರ್ಷದಲ್ಲಿ ಇಷ್ಟು ಚೆನ್ನಾಗಿ ನಟಿಸಿದವರನ್ನು ಅರ್ಜಿದಾರ ಕಂಡಿಲ್ಲ. ಆದಾಗ್ಯೂ ಆಕೆಯ ಹೆಸರಿನ ಮುಂದೆ ‘ತಾಯಿಯಂತೆ ಕಾಣುವುದಿಲ್ಲ’ ಎಂದು ಷರಾ ಬರೆದು ಸಹಿ ಹಾಕಿದನು.

೪. ಅಂದಿನಿಂದ ಮನೆಯಲ್ಲೂ ಅವನು ‘ಸಾಹೇಬ್ರೇ’. “ಊಟಕ್ಕ ಏಳ್ರಿ ಸಾಹೇಬ್ರ” ಅನ್ನುತ್ತಾಳೆ. “ಅವ್ವಾ, ಒಂದೆರಡು ಬೈದರ ಬೈಯಿ ನನಗ” ಎಂದು ಕಾಲು ಹಿಡಿದರೆ, “ನೌಕರಿ ಮಂದಿಗಿ ಹ್ಯಾಂಗ ಬೈಲಿರಿ?” ಎಂದು ರೊಟ್ಟಿ ಬಡಿಯಲು ಕೂರುತ್ತಾಳೆ. ಕೋಪವಾಗಿದ್ದರೆ ತಡೆದುಕೊಳ್ಳುತ್ತಿದ್ದನು, ಈ ಮರ್ಯಾದೆಯನ್ನು ಅವನಿಂದ ತಡೆದುಕೊಳ್ಳಲಾಗುತ್ತಿಲ್ಲ.

ಆದ್ದರಿಂದ ಸದರಿ ಷರಾ ಹೊಡೆದುಹಾಕಿ, ಗದಿಗೆಮ್ಮ ಈ ಅರ್ಜಿದಾರನ ಹೆತ್ತ ತಾಯಿಯೆಂದು ಅದೇ ಪುಟದಲ್ಲಿ ಕಚೇರಿಯ ಮೊಹರಿನೊಂದಿಗೆ ದಾಖಲಿಸಬೇಕಾಗಿ ವಿನಂತಿ. ಸುಳ್ಳು ಮಾಹಿತಿ ಕೊಟ್ಟ ಕಾರಣಕ್ಕೆ ನೌಕರಿಯಿಂದ ತೆಗೆದರೆ ಅರ್ಜಿದಾರನ ತಕರಾರಿಲ್ಲ.

ಸಹಿ ಹಾಕಲು ಈಗೀಗ ಅಂಜುವ,
ತಮ್ಮ ವಿಶ್ವಾಸಿ,
ಭೀಮಾಶಂಕರ

ಲಗತ್ತುಗಳು:
೧. ಪುಟ ೪೭ರ ನಕಲು.
೨. ಇಬ್ಬರ ಹೆಸರೂ ಇರುವ ರೇಷನ್ ಕಾರ್ಡು.

ವಿ.ಸೂ.: ಅವ್ವನಿಗೆ ಓದು ಬಾರದು. ಆದಕಾರಣ ತಿದ್ದಿದ ಪುಟವನ್ನೂ ಈ ಅರ್ಜಿಯನ್ನೂ ಆಕೆಯ ಎದುರು ಗಟ್ಟಿಯಾಗಿ ಓದಲು ಕಚೇರಿಯಿಂದ ಯಾರನ್ನಾದರೂ ಕಳಿಸಿಕೊಡಬೇಕು. ಅರ್ಜಿದಾರನು ತಾನೇ ಓದಿಹೇಳಲು ಮೂರು ಸಲ ಕೂತು, ಮೂರು ಸಲವೂ ‘ಮಾನ್ಯರೇ’ ಎನ್ನುವಷ್ಟರಲ್ಲಿ ಅತ್ತುಬಿಟ್ಟಿದ್ದಾನೆ.