ಇನ್ನೂರ ಹನ್ನೊಂದನೇ ಪುಟ

ನೀರು ಸರಬರಾಜು ಕಚೇರಿಯ ಟಪಾಲು ಗುಮಾಸ್ತ ತನ್ನ ಕಾದಂಬರಿಗೆ ಕಂದು ಕಾಗದದ ಬೈಂಡು ಹಾಕಿದ್ದೇ ತಪ್ಪಾಯಿತು. ಒಳಗೇನಿದೆ ಎಂದು ಯಾರಿಗೂ ತಿಳಿಯಬಾರದೆಂದು ಹಾಕಿದ್ದು. ಆದರೆ ಕಚೇರಿಯ ರಿಜಿಸ್ಟರುಗಳಿಗೂ ಅದೇ ಕಾಗದ, ಅದೇ ಬೈಂಡು. ಶನಿವಾರ ಬೆಳಿಗ್ಗೆ ಅವನು ಟೀ ಕುಡಿದು ಬರುವಷ್ಟರಲ್ಲಿ ಜವಾನ ಟಪಾಲಿನ ಜೊತೆ ಅದನ್ನೂ ಎತ್ತಿಕೊಂಡು ಹೋಗಿ ಹೆಡ್ ಕ್ಲರ್ಕ್ ಮೇಜಿನ ಮೇಲಿಟ್ಟಿದ್ದ. ಹೆಡ್ ಕ್ಲರ್ಕ್ ಯಾವುದನ್ನೂ ಓದಿ ಸಹಿ ಹಾಕಿದವರಲ್ಲ. "ಎಲ್ಲ ವಿಭಾಗಗಳ ಅವಗಾಹನೆಗೆ" ಎಂದು ಚೀಟಿ ಅಂಟಿಸಿ ಮುಂದಕ್ಕೆ ತಳ್ಳಿಬಿಟ್ಟರು.

ಕಾದಂಬರಿ ಇಬ್ಬರು ಫುಟ್‌ಬಾಲ್ ಆಟಗಾರರದು. ಒಬ್ಬ ಗೋಲ್‌ಕೀಪರ್, ಇನ್ನೊಬ್ಬ ಗೋಲು ಹೊಡೆಯುವವನು. ಒಬ್ಬನಿಗೆ ಇನ್ನೊಬ್ಬನೆಂದರೆ ಪ್ರಾಣ, ಆದರೆ ನಾನೂರು ಪುಟವಾದರೂ ಇಬ್ಬರೂ ಬಾಯಿ ಬಿಡುವುದಿಲ್ಲ.

ಇಂಥವನ್ನು ಗುಮಾಸ್ತ ಇಪ್ಪತ್ತಾರು ಓದಿದ್ದ. ಹಾಕಿ, ಈಜು, ಕುಸ್ತಿ, ಯಾವ ಆಟವಾದರೂ ಸರಿ. ಅವನಿಗೆ ಬೇಕಿದ್ದದ್ದು ಒಂದೇ ಗಳಿಗೆ. ಗೆದ್ದಾಗ ಆ ಇಬ್ಬರು ಮೈದಾನದ ನಡುವೆ ತಬ್ಬಿಕೊಳ್ಳುತ್ತಾರಲ್ಲ, ಅದು. ಸಾವಿರಾರು ಜನ ನೋಡುತ್ತಾರೆ, ಚಪ್ಪಾಳೆ ತಟ್ಟುತ್ತಾರೆ, ಯಾರೂ ಏನೂ ಅನ್ನುವುದಿಲ್ಲ. ಅದೇ ಇಬ್ಬರು ರಸ್ತೆಗೆ ಬಂದರೆ ಕಿರುಬೆರಳು ತಾಗಿಸಲೂ ಹೆದರುತ್ತಾರೆ. ಈ ಪುಸ್ತಕದಲ್ಲಿ ಆ ಗಳಿಗೆ ಇನ್ನೂರ ಹನ್ನೊಂದನೇ ಪುಟದಲ್ಲಿತ್ತು. ಎಷ್ಟು ಸಲ ಓದಿದ್ದನೆಂದರೆ ಪುಸ್ತಕ ಕೈಗೆತ್ತಿಕೊಂಡರೆ ತಾನಾಗಿ ಅಲ್ಲಿಗೇ ತೆರೆದುಕೊಳ್ಳುತ್ತಿತ್ತು. ಸಾಲದ್ದಕ್ಕೆ ಅಂಚಿನಲ್ಲಿ ಪೆನ್ಸಿಲ್ಲಿನಿಂದ "ನಮಗೆ ಯಾವಾಗ?" ಎಂದು ಬರೆದಿದ್ದ.

ನಮಗೆ ಎಂದರೆ ಅವನಿಗೆ ಮತ್ತು ಪೈಪುಗಳ ನಕ್ಷೆ ಬರೆಯುವ ನಕ್ಷೆಗಾರನಿಗೆ. ಮೂರು ವರ್ಷದಿಂದ ಶನಿವಾರ ಸಂಜೆ ಕಚೇರಿಯ ಹಿತ್ತಲಲ್ಲಿ ಇಬ್ಬರೂ ಷಟಲ್ ಡಬಲ್ಸ್ ಜೋಡಿ. ಒಂದೇ ಒಂದು ಆಟ ಗೆದ್ದಿರಲಿಲ್ಲ. ನಕ್ಷೆಯಲ್ಲಿ ಕೂದಲೆಳೆಯಷ್ಟೂ ತಪ್ಪದ ಆ ಕೈ, ಕೊನೆಯ ಪಾಯಿಂಟು ಬಂದರೆ ಸಾಕು, ನೇರ ನೆಟ್ಟಿಗೇ ಹೊಡೆಯುತ್ತಿತ್ತು. ಸೋತವರು ಎಲ್ಲಿಯಾದರೂ ತಬ್ಬಿಕೊಳ್ಳುತ್ತಾರೆಯೇ? ಹೆಗಲ ಮೇಲೆ ಕೈಯಿಟ್ಟು "ಹೋಗ್ಲಿ ಬಿಡ್ರೀ" ಎನ್ನುತ್ತಾ ಬಸ್ ಸ್ಟಾಪಿನ ತನಕ ಸಮಾಧಾನ ಮಾಡಿಕೊಂಡು ಹೋಗುವುದಷ್ಟೇ ಗುಮಾಸ್ತನ ಪಾಲಿಗೆ ಬಂದಿತ್ತು.

ಪುಸ್ತಕ ಕಾಣದೆ ಅವನು ಮೇಜಿನಡಿ, ಕಪಾಟು ಎಲ್ಲ ತಡಕಾಡಿದ. ಹುಡುಕುತ್ತಾ ಹೋದರೆ ಟೈಪಿಸ್ಟ್ ಮೇಡಂ ಕಣ್ಣೊರೆಸಿಕೊಳ್ಳುತ್ತಿದ್ದರು.

"ಮೇಡಂ, ಆ ಪುಸ್ತಕ..."

"ದೂರು ವಿಭಾಗಕ್ಕೆ ಹೋಯ್ತಪ್ಪ. ಒಂದೇ ಪುಟ ಓದಿದ್ದು ನಾನು. ನಮ್ಮನೆಯವರು ಮದುವೆ ದಿನಾನೂ ನನ್ನನ್ನ ಹಾಗೆ ನೋಡಿರಲಿಲ್ಲ."

ದೂರು ವಿಭಾಗದಲ್ಲಿ ಫೋನು ಬಡಿದುಕೊಳ್ಳುತ್ತಿತ್ತು, ಎತ್ತುವವರಿಲ್ಲ. ಮೂವರು ಒಂದೇ ಪುಟಕ್ಕೆ ತಲೆ ಬಗ್ಗಿಸಿದ್ದರು. ಗುಮಾಸ್ತ ಕೈ ಚಾಚಿದ.

"ರೀ, ಸರದಿ ಪ್ರಕಾರ ಹೋಗ್ಬೇಕು. ಟಪಾಲಿನವರಾಗಿ ನಿಮಗೆ ಅಷ್ಟೂ ಗೊತ್ತಿಲ್ವಾ?"

ನನ್ನದು ಎನ್ನುವಂತಿಲ್ಲ. ಅಂದರೆ ಅಂಚಿನ ಬರಹವೂ ತನ್ನದಾಗುತ್ತದೆ. ಚೀಟಿ ಆಗಲೇ ತುಂಬುತ್ತಿತ್ತು. "ನೋಡಿದೆ. ಎದೆ ಝಲ್ಲೆಂದಿತು." "ಮೇಲಿನ ಅಭಿಪ್ರಾಯಕ್ಕೆ ಸಹಮತ." "ಗೋಲ್‌ಕೀಪರ್ ಇನ್ನೂ ಬಾಯಿ ಬಿಡದಿರುವುದು ವಿಷಾದನೀಯ. ಶೀಘ್ರ ಕ್ರಮ ಅಗತ್ಯ." ಮುಂದಿನ ಹೆಸರು, ನಕ್ಷೆ ವಿಭಾಗ.

ನಾಲ್ಕು ಗಂಟೆಗೆ ಗುಮಾಸ್ತ ಅಲ್ಲಿಯ ಬಾಗಿಲ ಸಂದಿಯಿಂದ ಇಣುಕಿದ. ನಕ್ಷೆಗಾರ ಆ ಪುಟವನ್ನು ನಕ್ಷೆ ನೋಡುವ ಹಾಗೆ ಬಗ್ಗಿ ನೋಡುತ್ತಿದ್ದ. ಆಮೇಲೆ "ನೋಡಿದೆ" ಎಂದಷ್ಟೇ ಬರೆದು, ಸಹಿ ಹಾಕಿ, ಪುಸ್ತಕ ಮುಚ್ಚಿದ. ಮುಖದಲ್ಲಿ ಏನೂ ಕಾಣಲಿಲ್ಲ. ಇನ್ನು ಈ ಮನುಷ್ಯ ತನ್ನ ಜೊತೆ ಆಡುವುದೂ ಇಲ್ಲ ಎಂದುಕೊಂಡು ಗುಮಾಸ್ತ ಕುಸಿದುಹೋದ.

ನಕ್ಷೆಗಾರ ಆಡಲು ಬಂದ. ಬಂದವನು ಮೈಮೇಲೆ ದೇವರು ಬಂದವನಂತೆ ಆಡಿದ. ಕೊನೆಯ ಪಾಯಿಂಟಿಗೆ ಗುಮಾಸ್ತ ಕಣ್ಣು ಮುಚ್ಚಿಕೊಂಡ. ಕಣ್ಣು ಬಿಟ್ಟಾಗ ಷಟಲ್ ಎದುರಾಳಿಗಳ ಕಾಲ ಬುಡದಲ್ಲಿ ಬಿದ್ದಿತ್ತು. ಗೆದ್ದಿದ್ದರು! ಅವನು ತಿರುಗಿ ಎರಡೂ ಕೈ ಚಾಚಿದ. ನಕ್ಷೆಗಾರನೂ ಚಾಚಿದ್ದ. ನಡುವೆ ಇದ್ದದ್ದು ಆರೇ ಹೆಜ್ಜೆ.

ಆದರೆ ಇಡೀ ಕಚೇರಿ ಬೆಳಗಿನಿಂದ ಅದೇ ಪುಟ ಓದಿ ಮನಸ್ಸು ತುಂಬಿಕೊಂಡು, ಯಾರಾದರೂ ಗೆಲ್ಲಲಿ ಎಂದು ಕಾದು ನಿಂತಿತ್ತು. ಕಟ್ಟೆಯೊಡೆದಂತೆ ನುಗ್ಗಿತು. ಹೆಡ್ ಕ್ಲರ್ಕ್ ಗುಮಾಸ್ತನನ್ನು ಅವುಚಿಕೊಂಡರು. ದೂರು ವಿಭಾಗದ ಮೂವರು ಸರದಿ ಪ್ರಕಾರ ತಬ್ಬಿದರು. ಜಾಗ ಸಿಗದ ಟೈಪಿಸ್ಟ್ ಮೇಡಂ ನೆಟ್ಟಿನ ಕಂಬವನ್ನೇ ತಬ್ಬಿಕೊಂಡು ಅತ್ತರು. ನಕ್ಷೆಗಾರನ ಒಂದು ಕೈ ಮಾತ್ರ ತಲೆಗಳ ಮೇಲೆ ಕಂಡು ಮರೆಯಾಯಿತು.

ಗದ್ದಲ ಕರಗಿದ ಮೇಲೆ ನೋಡಿದರೆ ನಕ್ಷೆಗಾರ ಮೆಟ್ಟಿಲ ಮೇಲೆ ಸಪ್ಪೆ ಮೋರೆ ಹಾಕಿಕೊಂಡು ಕೂತಿದ್ದ.

"ಗೆದ್ವಲ್ರೀ," ಎಂದ ಗುಮಾಸ್ತ.

"ಅದಕ್ಕೇ ಬೇಜಾರು. ಮೂರು ವರ್ಷದಿಂದ ಬೇಕೂಂತಲೇ ನೆಟ್ಟಿಗೆ ಹೊಡೀತಿದ್ದೆ."

"ಯಾಕೆ?"

"ಸೋತ್ರೆ ತಾನೇ ನೀವು ಹೆಗಲ ಮೇಲೆ ಕೈ ಹಾಕ್ಕೊಂಡು ಬಸ್ ಸ್ಟಾಪ್ ತನಕ ಬರೋದು? ಗೆದ್ದವನನ್ನ ಯಾರು ಸಮಾಧಾನ ಮಾಡ್ತಾರೆ? ಅಂಚಿನಲ್ಲಿದ್ದ ನಿಮ್ಮ ಅಕ್ಷರ ನಂಗೆ ಗೊತ್ತಾಗಲ್ವಾ? ಓದಿದ್ಮೇಲೆ ತಡೆಯೋಕಾಗ್ಲಿಲ್ಲ, ಗೆದ್ದುಬಿಟ್ಟೆ."

ಗುಮಾಸ್ತ ಒಂದು ಹೆಜ್ಜೆ ಹತ್ತಿರ ಬಂದ. ಮೂರು ವರ್ಷ ತಾನು ಹಂಬಲಿಸಿದ್ದೆಲ್ಲ ಆ ರಸ್ತೆಯಲ್ಲೇ ತನ್ನ ಕೈಯಡಿ ನಡೆದುಕೊಂಡು ಬರುತ್ತಿತ್ತು! ಅವನು ನಕ್ಷೆಗಾರನ ಹೆಗಲತ್ತ ಮೆಲ್ಲಗೆ ಕೈ ಎತ್ತಿದ.

"ಇಲ್ಲಿದ್ದೀರಾ ಹುಲಿಗಳು!" ದೊಡ್ಡ ಸಾಹೇಬರು ನಡುವೆ ಬಂದು ಇಬ್ಬರ ಹೆಗಲಿಗೂ ಒಂದೊಂದು ತೋಳು ಹಾಕಿದರು. "ಗೆದ್ದವರು ಬಸ್ಸಲ್ಲಿ ಹೋಗೋದುಂಟಾ? ಇನ್ಮೇಲೆ ಪ್ರತಿ ಶನಿವಾರ ನನ್ನ ಜೀಪು. ಮತ್ತೆ, ಇಂಥವರಿಬ್ರೂ ಒಂದೇ ಕಡೆ ಇದ್ರೆ ಉಳಿದವರ ಗತಿ ಏನು? ಮುಂದಿನ ವಾರದಿಂದ ನೀವು ಹೆಡ್ ಕ್ಲರ್ಕ್ ಜೋಡಿ, ಇವರು ನನ್ನ ಜೋಡಿ."

ಜೀಪಿನ ಹಿಂದಿನ ಸೀಟಿನಲ್ಲಿ ಸಾಹೇಬರು ಮಧ್ಯೆ ಕೂತರು. ಆಚೆ ಬದಿಯ ನಕ್ಷೆಗಾರನ ಮುಖ ಕಾಣಲೆಂದು ಗುಮಾಸ್ತ ಮುಂದಕ್ಕೆ ಬಾಗಿದ, ಹಿಂದಕ್ಕೆ ವಾಲಿದ. ಸಾಹೇಬರ ಹೊಟ್ಟೆ ಬಿಟ್ಟು ಬೇರೇನೂ ಕಾಣಲಿಲ್ಲ. ಅಷ್ಟರಲ್ಲಿ ಬಸ್ ಸ್ಟಾಪು ಬಂದು, ನಿಲ್ಲದೆ ಹಿಂದಕ್ಕೆ ಹೋಯಿತು.