ಮೀನು ತಿನ್ನದ ಫಿಶ್ ಅಂಕಲ್

ಗೊತ್ತಿರುವ ವಿಷಯದ ಬಗ್ಗೆ ಮಾತಾಡುವುದು ಕಷ್ಟ, ಗೊತ್ತಿಲ್ಲದ್ದರ ಬಗ್ಗೆ ಮಾತಾಡುವುದು ಬಲು ಸುಲಭ ಎಂಬುದು ನಾನು ನಿವೃತ್ತನಾದ ಮೇಲೆ ಕಂಡುಕೊಂಡ ಸತ್ಯ. ಗೊತ್ತಿದ್ದರೆ ಎಲ್ಲಿ ತಪ್ಪೀತೋ ಎಂಬ ಹೆದರಿಕೆ ಇರುತ್ತದೆ. ಗೊತ್ತಿಲ್ಲದಿದ್ದರೆ ತಪ್ಪಿದ್ದೂ ಗೊತ್ತಾಗುವುದಿಲ್ಲ. ಮದುವೆಯನ್ನೇ ಆಗದ ಸ್ವಾಮಿಗಳೊಬ್ಬರು ದಾಂಪತ್ಯದ ಬಗ್ಗೆ ಎರಡು ಗಂಟೆ ನಿರರ್ಗಳವಾಗಿ ಪ್ರವಚನ ಕೊಟ್ಟದ್ದನ್ನು ಮುಂದಿನ ಸಾಲಿನಲ್ಲಿ ಕೂತು ಕೇಳಿದವನು ನಾನು. ಮನೆಗೆ ಬಂದು ಅದರಲ್ಲಿ ಎರಡು ನಿಮಿಷದಷ್ಟನ್ನೂ ಪ್ರಯೋಗಿಸಲು ನನ್ನಿಂದಾಗಲಿಲ್ಲ. ಆದ್ದರಿಂದ ಪ್ರತಿ ಭಾನುವಾರ ನಾನು ಮುಂಬಯಿಯ ಫೋರ್ಟಿನ ಬೀದಿಗಳಲ್ಲಿ ಹತ್ತು ಹನ್ನೆರಡು ಜನರನ್ನು ಹಿಂದೆ ಕಟ್ಟಿಕೊಂಡು, ಬಂಗುಡೆಯ ರುಚಿ ಎಂಥದು, ಕಾಣೆ ಮೀನಿನ ಗುಣವೇನು ಎಂದು ವಿವರಿಸುತ್ತ ನಡೆಯುತ್ತೇನೆಂದರೆ ನೀವು ಆಶ್ಚರ್ಯಪಡಬಾರದು. ಹುಟ್ಟಿದಂದಿನಿಂದ ಈ ಗಳಿಗೆಯವರೆಗೆ ನಾನು ಮೀನು ತಿಂದವನಲ್ಲ.

ಇದಕ್ಕೆಲ್ಲ ಮೂಲ ನನ್ನ ಊರು. ಮುಂಬಯಿಯಲ್ಲಿ ಉಡುಪಿಯವನೆಂದರೆ ಜನ ಎರಡೇ ಅರ್ಥ ಮಾಡಿಕೊಳ್ಳುತ್ತಾರೆ: ಒಂದು ಇಡ್ಲಿ, ಇನ್ನೊಂದು ಮೀನು. ಫೋರ್ಟಿನ ಒಂದು ವಿಮಾ ಕಚೇರಿಯಲ್ಲಿ ಮೂವತ್ತೈದು ವರ್ಷ ಗುಮಾಸ್ತನಾಗಿದ್ದಾಗ ನಾನು ಇಡ್ಲಿಯ ಪಂಗಡದಲ್ಲಿದ್ದೆ. ನಿವೃತ್ತನಾದ ಮೇಲೆ ನನ್ನನ್ನು ಮೀನಿನ ಪಂಗಡಕ್ಕೆ ವರ್ಗ ಮಾಡಿದವಳು ನೇಹಾ, ನನ್ನ ಹಳೆಯ ಸಹೋದ್ಯೋಗಿಯೊಬ್ಬರ ಮಗಳು. ವಾರವಿಡೀ ಪವಾಯಿಯ ಐಟಿ ಆಫೀಸಿನಲ್ಲಿ ಕೆಲಸ ಮಾಡಿ, ಭಾನುವಾರ ಫೋರ್ಟಿನಲ್ಲಿ ‘ಸೀಫುಡ್ ಅಂಡ್ ಹಿಸ್ಟರಿ ವಾಕ್’ ಎಂಬುದನ್ನು ನಡೆಸುತ್ತಾಳೆ. ಹಳೆಯ ಕಟ್ಟಡಗಳನ್ನು ತೋರಿಸಿ ಕಾಲು ನೋಯಿಸುವುದು, ಆಮೇಲೆ ಮೀನು ತಿನ್ನಿಸಿ ಸಮಾಧಾನ ಮಾಡುವುದು. “ಅಂಕಲ್, ನೀವು ಉಡುಪಿ ಅಲ್ವಾ? ಫೋರ್ಟ್ ಭೀ ಪೂರಾ ಗೊತ್ತು. ನಮ್ಗೆ ನಿಮ್ಮಂಥವರೇ ಬೇಕಿತ್ತು, ಏಕ್‌ದಮ್ ಒರಿಜಿನಲ್” ಎಂದಳು. ನಾನು ಒಪ್ಪಿಕೊಂಡದ್ದು ಇತಿಹಾಸಕ್ಕೆ. ಮುಂದಿನ ವಾರ ಅವಳ ಜಾಹೀರಾತಿನಲ್ಲಿ ನನ್ನ ಫೋಟೋ, ಅದರ ಕೆಳಗೆ ‘ಫಿಶ್ ಅಂಕಲ್, ಇವರ ರಕ್ತದಲ್ಲೇ ಸಮುದ್ರವಿದೆ’ ಎಂಬ ಒಕ್ಕಣೆ. ನನ್ನ ರಕ್ತದಲ್ಲಿರುವುದು ಸಕ್ಕರೆ. ಊರಿನ ನಮ್ಮ ಮನೆಯಿಂದ ಕಡಲು ಎಂಟು ಮೈಲಿ ದೂರ. ಅದನ್ನು ನಾವು ನೋಡುತ್ತಿದ್ದದ್ದು ಯಾರದಾದರೂ ಅಸ್ಥಿ ಬಿಡಲು ಹೋದಾಗ.

ಆಗಲೇ “ನಾನು ತಿನ್ನುವವನಲ್ಲ ಮಗಾ” ಎಂದುಬಿಡಬಹುದಿತ್ತು. ಅನ್ನಲಿಲ್ಲ. ಏಕೆಂದರೆ ಮೊದಲ ಭಾನುವಾರವೇ ಹನ್ನೆರಡು ಮಂದಿ ನನ್ನ ಮಾತನ್ನು ಬಾಯಿ ಬಿಟ್ಟುಕೊಂಡು ಕೇಳಿದ್ದರು. ನಮ್ಮ ಮನೆಯಲ್ಲಿ ನನ್ನ ಮಾತನ್ನು ಕೊನೆಯವರೆಗೆ ಕೇಳುವುದು ಕುಕ್ಕರ್ ಒಂದೇ, ಅದೂ ನಡುನಡುವೆ ಸಿಳ್ಳೆ ಹಾಕುತ್ತದೆ. ಇಲ್ಲಿ ನೋಡಿದರೆ ಲಿನನ್ ಅಂಗಿ ತೊಟ್ಟ ಗಂಡಸರು, ಕಪ್ಪು ಕನ್ನಡಕದ ಹೆಂಗಸರು, ನಾನು ಕೆಮ್ಮಿದರೂ ವಿಡಿಯೋ ಮಾಡಿಕೊಳ್ಳುತ್ತಾರೆ. ಇತಿಹಾಸದ ಭಾಗ ಅಷ್ಟೇನೂ ಕಷ್ಟವಿರಲಿಲ್ಲ. ಇಲ್ಲೊಂದು ಕೋಟೆಯಿತ್ತು, ಕೆಡವಿದರು, ಹೆಸರು ಉಳಿಯಿತು ಎಂದರೆ ಫೋರ್ಟಿನ ಕಥೆ ಮುಗಿಯಿತು. ನೇಹಾಳಿಗೆ ಅದು ಸಾಲದು. “ಅಂಕಲ್, ಇಸವಿ ಎಲ್ಲ ಬೇಡ, ಥೋಡಾ ಫೀಲಿಂಗ್ ಹಾಕಿ” ಎಂದಳು. ನಾನು ಹಾಕಿದೆ. ಒಂದು ಹಳೆಯ ಬ್ಯಾಂಕಿನ ಮೆಟ್ಟಿಲು ತೋರಿಸಿ, ಮೀನು ಮಾರುವ ಒಬ್ಬ ಮುದುಕಿ ದಿನವೂ ಬುಟ್ಟಿ ಇಳಿಸಿ ದಣಿವಾರಿಸಿಕೊಳ್ಳುತ್ತಿದ್ದುದು ಇಲ್ಲೇ ಎಂದೆ. ಯಾರಾದರೂ ಕೂತಿರಲೂಬಹುದು, ಇಲ್ಲವೆನ್ನಲು ನಾನು ಯಾರು? ಎರಡು ವಾರ ಕಳೆಯುವಷ್ಟರಲ್ಲಿ ಜನ ಆ ಮೆಟ್ಟಿಲನ್ನು ಮುಟ್ಟಿ ಕಣ್ಣಿಗೊತ್ತಿಕೊಳ್ಳತೊಡಗಿದರು. ಮೂವತ್ತೈದು ವರ್ಷ ಅದೇ ಮೆಟ್ಟಿಲು ಹತ್ತಿ ಸಂಬಳ ತೆಗೆದವನಿಗೆ ಆ ಭಕ್ತಿ ಯಾವತ್ತೂ ಬಂದಿರಲಿಲ್ಲ.

ಕಷ್ಟವಾದದ್ದು ಮೀನು. ಅದರಲ್ಲಿ ನನಗೆ ಗುರುವಾದವರು ಸಂಜೀವಣ್ಣ. ನಮ್ಮ ವಾಕ್ ಮುಗಿಯುವುದು ಒಂದು ಗಲ್ಲಿಯ ಮೀನಿನ ಹೋಟೆಲಿನಲ್ಲಿ. ಸಂಜೀವಣ್ಣ ಅಲ್ಲಿನ ಮ್ಯಾನೇಜರು, ಮೂಲ್ಕಿಯ ಕಡೆಯವರು. ನೇಹಾ ಆ ಹೋಟೆಲನ್ನು ‘ಯಾರಿಗೂ ಗೊತ್ತಿಲ್ಲದ ಗುಟ್ಟಿನ ಜಾಗ’ ಎಂದು ಪರಿಚಯಿಸುತ್ತಾಳೆ. ಅದರ ಬೋರ್ಡು ಬಸ್ಸಿನಿಂದಲೇ ಕಾಣುತ್ತದೆ. ಮೊದಲ ದಿನವೇ ನಾನು ಸಂಜೀವಣ್ಣನವರನ್ನು ಪಕ್ಕಕ್ಕೆ ಕರೆದು ನಿಜ ಹೇಳಿದೆ. ಅವರು ನಗಲಿಲ್ಲ. “ಹೆದರುದು ಎಂತಕ್ಕೆ ಭಟ್ರೇ? ತಿನ್ನುವವ ಮಾತಾಡುದಿಲ್ಲ, ಅವನಿಗೆ ಬಾಯಿ ಖಾಲಿ ಇರುದಿಲ್ಲ. ತಿನ್ನದವನೇ ಮಾತಾಡುದು” ಎಂದರು. ಆಮೇಲೆ ಬುಟ್ಟಿಯಿಂದ ಒಂದು ಬಂಗುಡೆ ಎತ್ತಿ ಪಾಠ ಶುರುಮಾಡಿದರು. “ಮೊದಲು ಕಣ್ಣು ನೋಡಿ. ತಾಜಾ ಮೀನು ನಮ್ಮನ್ನೇ ನೋಡ್ತದೆ. ಹಾಳಾದ್ದರ ಕಣ್ಣು ಒಳಗೆ ಹೋಗ್ತದೆ, ನಮ್ಮ ಮುಖ ನೋಡ್ಲಿಕ್ಕೆ ನಾಚಿಕೆ ಆದ ಹಾಗೆ. ಇಷ್ಟು ಗೊತ್ತಿದ್ರೆ ಸಾಕು, ಉಳಿದದ್ದು ನಿಮ್ಮ ಬಾಯಿ ನೋಡಿಕೊಳ್ತದೆ.” ಇದನ್ನೇ ನಾನು ಪ್ರತಿ ವಾರ ಗಂಭೀರವಾಗಿ ಒಪ್ಪಿಸುತ್ತೇನೆ, ಜನ ಬರೆದುಕೊಳ್ಳುತ್ತಾರೆ. ನಾನೇಕೆ ತಿನ್ನುವುದಿಲ್ಲ ಎಂದು ಯಾರಾದರೂ ಕೇಳಿದರೆ, ಅಂಕಲ್ ಹೆಂಡತಿಯ ಕೈಯಡುಗೆ ಬಿಟ್ಟು ಬೇರೇನೂ ತಿನ್ನುವುದಿಲ್ಲ ಎಂದು ನೇಹಾ ಹೇಳುತ್ತಾಳೆ. ಎಲ್ಲರೂ “ಸೋ ಸ್ವೀಟ್” ಎನ್ನುತ್ತಾರೆ. ಅದೂ ಪೂರ್ತಿ ನಿಜವಲ್ಲ. ಸಂಜೀವಣ್ಣ ಆ ಮೀನಿನ ಅಡುಗೆಮನೆಯ ಮೇಲಿನ ಹಲಗೆಯಲ್ಲಿ ನನಗೆಂದೇ ಹೊಸದೊಂದು ಪಾತ್ರೆ ಇಟ್ಟಿದ್ದರು. ಬೇರೆ ಸೌಟು, ಬೇರೆ ಒಲೆ. ಎಲ್ಲರೂ ಹೋದ ಮೇಲೆ ಬಿಸಿ ಅನ್ನಕ್ಕೆ ತೊವ್ವೆ ಹಾಕಿ, “ಭಟ್ರೇ, ಇದಕ್ಕೆ ಮೀನಿನ ಗಾಳಿ ಕೂಡ ತಾಗ್ಲಿಲ್ಲ” ಎಂದು ಬಡಿಸುತ್ತಿದ್ದರು.

ಮನೆಯಲ್ಲಿ ನನ್ನ ಹೆಂಡತಿ ವಾರಿಜಳಿಗೆ ಹೇಳಿದ್ದು ವಾಕಿಂಗ್ ಎಂದು. ಡಾಕ್ಟರು ನಡೆಯಲು ಹೇಳಿದ್ದರು, ನಾನು ನಡೆಯುತ್ತಿದ್ದೆ, ಇದರಲ್ಲಿ ಸುಳ್ಳು ಎಲ್ಲಿದೆ? “ದಹಿಸರಿನಲ್ಲಿ ರಸ್ತೆ ಇಲ್ವಾ, ನಡೀಲಿಕ್ಕೆ ಚರ್ಚ್‌ಗೇಟಿಗೆ ಹೋಗ್ಬೇಕಾ?” ಎಂದು ಅವಳು ಒಮ್ಮೆ ಕೇಳಿದಳು. ಸಮುದ್ರದ ಗಾಳಿ ಒಳ್ಳೆಯದು ಎಂದೆ. ಚೀಲದಲ್ಲಿ ಇನ್ನೊಂದು ಅಂಗಿ ಇಟ್ಟುಕೊಂಡು, ವಾಪಸು ಬರುವಾಗ ಮೀನಿನ ವಾಸನೆ ಹಿಡಿದದ್ದನ್ನು ಸ್ಟೇಷನ್ನಿನಲ್ಲಿ ಬದಲಾಯಿಸಿ ಲೋಕಲ್ ಹತ್ತುತ್ತಿದ್ದೆ. ತಿಂದು ಬಂದವರೂ ಇಷ್ಟು ಎಚ್ಚರ ವಹಿಸಲಿಕ್ಕಿಲ್ಲ.

ಹೀಗಿರುವಾಗ ಒಂದು ಭಾನುವಾರ ಸಂಜೀವಣ್ಣ ನನ್ನ ಎಲೆಯ ಮುಂದೆ ಸ್ಟೂಲು ಎಳೆದುಕೊಂಡು ಕೂತರು. ಅವರಿದ್ದ ಹಳೆಯ ಚಾಳು, ಕೆಡವಿ ಹೊಸದು ಕಟ್ಟಲೆಂದು, ರೀಡೆವಲಪ್‌ಮೆಂಟಿಗೆ ಹೋಗಿತ್ತು, ಮಳೆಗಾಲದ ಒಳಗೆ ಖಾಲಿ ಮಾಡಬೇಕಿತ್ತು. “ನಿಮ್ಮ ಬಿಲ್ಡಿಂಗಲ್ಲಿ ಮೂರನೇ ಮಾಳಿಗೆಯದ್ದು ಬಾಡಿಗೆಗೆ ಉಂಟಂತೆ. ಓನರ್ ಒಪ್ಪಿದ್ದಾರೆ, ಸೊಸೈಟಿಯವರು ಹೂಂ ಅನ್ಬೇಕಂತೆ. ನೀವು ಒಂದು ಮಾತು ಹೇಳಿದ್ರೆ ಆಗ್ತದೆ ಅಲ್ವಾ?” ಎಂದರು. ಮೀನು ಬೇಯಿಸುವವರಿಗೆ ಮನೆ ಕೊಡಬಾರದೆಂಬ ನಿಯಮ ನಮ್ಮ ಕಟ್ಟಡದಲ್ಲಿದೆ, ಮತ್ತು ಆ ನಿಯಮವನ್ನು ಬರೆದವನು ನಾನೇ. ‘ವಾಸನೆಯ ವಿಷಯದಲ್ಲಿ ನೆರೆಯವರ ಭಾವನೆಗಳನ್ನು ಗೌರವಿಸುವ ಕುಟುಂಬಗಳಿಗೆ ಆದ್ಯತೆ’ ಎಂದು ಬರೆದಿದ್ದೆ, ಮೀನು ಎಂಬ ಶಬ್ದವೇ ಬಾರದಂತೆ. ಇಲ್ಲ ಎಂಬುದನ್ನು ಇಲ್ಲ ಎನ್ನದೆ ಬರೆಯುವುದು ವಿಮಾ ಕಚೇರಿಯವರಿಗೆ ಕರಗತ. “ನೋಡುವ, ಹೇಳ್ತೇನೆ” ಎಂದು ಕೈ ತೊಳೆದೆ.

ಆ ನಿಯಮವನ್ನು ಬರೆಸಿದವರು ವಾದಿರಾಜ ಭಾವ, ಅಂದರೆ ವಾರಿಜಳ ಅಣ್ಣ. ನಮ್ಮದೇ ಕಟ್ಟಡದ ಎರಡನೇ ಮಾಳಿಗೆಯಲ್ಲಿದ್ದಾರೆ, ಸೊಸೈಟಿಯ ಸೆಕ್ರೆಟರಿ. ಸಾಂಬಾರಿಗೆ ಬಿದ್ದ ಈರುಳ್ಳಿಯನ್ನು ಲಿಫ್ಟಿನಲ್ಲಿ ನಿಂತೇ ಕಂಡುಹಿಡಿಯುವ ಮೂಗು ಅವರದು. ಪ್ರತಿ ಭಾನುವಾರ ಮಾಟುಂಗಾದಲ್ಲಿ ಪ್ರವಚನ ಕೇಳಲು ಹೋಗುತ್ತಾರೆ. “ಅಣ್ಣನನ್ನು ನೋಡಿ ಕಲೀರಿ” ಎಂಬುದು ವಾರಿಜಳ ನಿತ್ಯ ಮಂತ್ರ.

ಮರುವಾರ ರೈಲು ಹಳಿಯ ರಿಪೇರಿಗೆಂದು ಮೆಗಾಬ್ಲಾಕ್ ಇತ್ತು, ಗಾಡಿಗಳೆಲ್ಲ ತಡ. ನಾವು ಹೋಟೆಲ್ ಹೊಕ್ಕಾಗ ಗೋಡೆಯ ಬದಿಯ ಮೇಜಿನಲ್ಲಿ ಒಬ್ಬರು ನಮಗೆ ಬೆನ್ನು ಹಾಕಿ ಕೂತಿದ್ದರು. “ಇವರು ಮಾಟುಂಗಾದ ರಾಯರು” ಎಂದು ಸಂಜೀವಣ್ಣ ನಮ್ಮವರಿಗೆ ಹೆಮ್ಮೆಯಿಂದ ತೋರಿಸಿದರು. “ಯಾವಾಗ್ಲೂ ನೀವು ಬರುವ ಮೊದಲೇ ಊಟ ಮಾಡಿ ಹೋಗುದು, ಇವತ್ತು ಲೇಟಾಯ್ತು. ಕಾಣೆ ತಿನ್ನುದು ಹೇಗೆ ಅಂತ ಇವರನ್ನು ನೋಡಿ ಕಲೀಬೇಕು.” ರಾಯರು ಕಾಣೆಯ ನಡುಮುಳ್ಳನ್ನು ಬಾಚಣಿಗೆಯ ಹಾಗೆ ಇಡಿಯಾಗಿ ಎಳೆದು, ಬದಿಗಿಟ್ಟು, ತಿರುಗಿದರು. ವಾದಿರಾಜ ಭಾವ. ಅಷ್ಟರಲ್ಲಿ ನೇಹಾ, “ಅಂಡ್ ದಿಸ್ ಈಸ್ ಅವರ್ ಫಿಶ್ ಅಂಕಲ್” ಎಂದು ನನ್ನ ಹೆಗಲ ಮೇಲೆ ಕೈಯಿಟ್ಟಳು.

ಹೇಳುವುದು ಶಾಸ್ತ್ರ, ಇಕ್ಕುವುದು ಗಾಳ ಎಂಬ ಗಾದೆಯನ್ನು ಚಿಕ್ಕಂದಿನಲ್ಲಿ ಬಾಯಿಪಾಠ ಮಾಡಿದ್ದೆ. ಆ ಗಾಳಕ್ಕೆ ಬಿದ್ದ ಮೀನನ್ನು ಕಂಡದ್ದು ಅಂದೇ. ಭಾವ ಮಾತ್ರ ವಿಚಲಿತರಾಗಲಿಲ್ಲ. “ಡಾಕ್ಟರು ಹೇಳಿದ್ದು ಭಾವ. ಒಮೆಗಾ ತ್ರೀ. ಔಷಧಕ್ಕೆ ದೋಷ ಇಲ್ಲ” ಎಂದರು ತಗ್ಗಿದ ದನಿಯಲ್ಲಿ. ನಾನು ತಿನ್ನುವುದಿಲ್ಲ, ಬರೇ ಹೇಳುತ್ತೇನೆ ಎಂದೆ. ಅವರು ನೇಹಾ ಕೊಟ್ಟ, ನನ್ನ ಫೋಟೋ ಇದ್ದ ಜಾಹೀರಾತಿನ ಚೀಟಿಯನ್ನು ಓದಿ, ಮಡಚಿ, ಜೇಬಿಗಿಟ್ಟುಕೊಂಡರು. “ಆಯ್ತು, ಆಯ್ತು. ನನಗೆ ಹೇಳ್ಬೇಡಿ. ವಾರಿಜಳಿಗೆ ಗೊತ್ತುಂಟಾ?” ಎಂದರು.

ಲೋಕಲಿನಲ್ಲಿ ವಾಪಸು ಬರುವಾಗ ಭಾವನನ್ನು ಹೇಗೆ ಬಗ್ಗಿಸಬಹುದೆಂದು ನಾನು ಬೊರಿವಲಿಯವರೆಗೂ ಯೋಚಿಸಿದೆ. ಸಂಜೀವಣ್ಣನವರಿಗೆ ಮನೆ ಕೊಡಿ, ಇಲ್ಲದಿದ್ದರೆ ಕಾಣೆಯ ವಿಷಯ ಹೊರಬೀಳುತ್ತದೆ ಎಂದರೆ ಆಯಿತು. ಬೊರಿವಲಿಯಿಂದ ದಹಿಸರಿಗೆ ಬರುವಷ್ಟರಲ್ಲಿ ಅವರ ಜೇಬಿನ ಚೀಟಿ ನೆನಪಾಗಿ ಧೈರ್ಯ ಇಳಿದುಹೋಯಿತು.

ಸೊಸೈಟಿಯ ಮೀಟಿಂಗಿನಲ್ಲಿ ನೀರಿನ ಟ್ಯಾಂಕಿನ ಜಗಳ ಮುಗಿದ ಮೇಲೆ ಸಂಜೀವಣ್ಣನವರ ಅರ್ಜಿ ಬಂತು. ಮೂರನೇ ಮಾಳಿಗೆಯ ಓನರ್ ಎದ್ದು, “ಒಳ್ಳೆ ಆದ್ಮಿ ಅಂತೆ, ಭಟ್ ಸಾಹೇಬರಿಗೆ ಪರಿಚಯ ಅಂತೆ” ಎಂದರು. ಎಲ್ಲರೂ ನನ್ನತ್ತ ತಿರುಗಿದರು. ಹೆಂಗಸರ ಸಾಲಿನಲ್ಲಿ ವಾರಿಜಳೂ ಇದ್ದಳು. ಭಾವ ಕನ್ನಡಕದ ಮೇಲಿನಿಂದ ನೋಡುತ್ತಿದ್ದರು. ಸಂಜೀವಣ್ಣ ಈ ಕಟ್ಟಡಕ್ಕೆ ಬಂದರೆ ಮಾಟುಂಗಾದ ರಾಯರ ಗುಟ್ಟು ಮೆಟ್ಟಿಲಲ್ಲೇ ರಟ್ಟಾಗುತ್ತದೆಂಬ ಭಯ ಅವರಿಗೆ. ಪರಿಚಯ ಹೇಗೆ ಎಂದು ಯಾರಾದರೂ ಕೇಳಿಯಾರೆಂಬ ಭಯ ನನಗೆ. “ಮುಖ ನೋಡಿ ಗೊತ್ತು, ಅಷ್ಟೇ” ಎಂದುಬಿಟ್ಟೆ. ಆರು ತಿಂಗಳು ತೊವ್ವೆ ಉಂಡ ಬಾಯಿ ಅದು. “ಮುಖ ನೋಡಿ ಮನೆ ಕೊಡ್ಲಿಕ್ಕೆ ಆಗ್ತದಾ?” ಎಂದು ಭಾವ ನಾನು ಬರೆದ ನಿಯಮವನ್ನು ಗಟ್ಟಿಯಾಗಿ ಓದಿದರು. ಸರ್ವಾನುಮತ. ನನ್ನ ಕೈಯೂ ಮೇಲಿತ್ತು. ಮನೆಗೆ ಬಂದ ಮೇಲೆ ನನಗೆ ನನ್ನ ಮೇಲೆಯೇ ಹೇಸಿಗೆಯಾಯಿತು. ಹಸಿವಿಲ್ಲ ಎಂದು ಮಲಗಿದರೆ, ಸಕ್ಕರೆ ಇಳಿದೀತೆಂದು ವಾರಿಜ ಎಬ್ಬಿಸಿ ಊಟ ಹಾಕಿದಳು.

ಕಳೆದ ಭಾನುವಾರ ಹೋಟೆಲಿನಲ್ಲಿ ಭಾವ ಗೋಡೆಯ ಬದಿಯ ಮೇಜಿನಲ್ಲಿ, ಈಗ ನಮ್ಮತ್ತಲೇ ಮುಖ ಮಾಡಿ, ನಿಶ್ಚಿಂತೆಯಿಂದ ಕೂತಿದ್ದರು. ಸಂಜೀವಣ್ಣ ಕಾಣೆಯ ತಟ್ಟೆ ಹಿಡಿದು ಬರುತ್ತಿದ್ದವರು ನನ್ನ ಬಳಿ ನಿಂತರು. ಆಗಲಿಲ್ಲ ಸಂಜೀವಣ್ಣ, ನಮ್ಮ ಸೆಕ್ರೆಟರಿ ಬಹಳ ಕಟ್ಟುನಿಟ್ಟು ಎಂದೆ. ಅವರು ತಟ್ಟೆಯನ್ನು ಇನ್ನೊಂದು ಕೈಗೆ ಬದಲಾಯಿಸಿಕೊಂಡರು. “ಬಿಡಿ ಭಟ್ರೇ, ಅವರನ್ನು ಬೈದು ಎಂತ ಪ್ರಯೋಜನ? ಪಾಪ, ಮೀನಿನ ರುಚಿಯೇ ಗೊತ್ತಿಲ್ಲದವರು” ಎಂದು, ಹೋಗಿ ಸೆಕ್ರೆಟರಿಯ ಮುಂದೆ ತಟ್ಟೆ ಇಟ್ಟರು. “ನಿಮಗೆ ತೊವ್ವೆ ಇಟ್ಟಿದ್ದೇನೆ” ಎಂದು ಅಲ್ಲಿಂದಲೇ ನನಗೆ ಸನ್ನೆ ಮಾಡಿದರು.

ಆಗ ನಮ್ಮ ಗುಂಪಿನ ಹೆಂಗಸೊಬ್ಬರು ಕೇಳಿದರು, ಅಂಕಲ್, ಮೀನು ಹಾಳಾಗಿದೆ ಅಂತ ತಿಳಿಯೋದು ಹೇಗೆ? ಪ್ರತಿ ವಾರದ ಪ್ರಶ್ನೆ, ಪ್ರತಿ ವಾರದ ಉತ್ತರ. ಕಣ್ಣು ನೋಡಬೇಕು, ಹಾಳಾದದ್ದು ನಮ್ಮ ಮುಖ ನೋಡುವುದಿಲ್ಲ ಎಂದೆ. ಅದನ್ನು ನಾನು ಹೇಳಿದ್ದು ನೆಲ ನೋಡಿಕೊಂಡು.