ದೊಡ್ಡಮ್ಮ ಕೇಳಿದ ಮೂಕಿ ಭಾಷಣ

ನಮ್ಮ ದೊಡ್ಡಮ್ಮನಿಗೆ ಕಿವಿ ಮಂದ ಎಂದರೆ ಅವರು ಒಪ್ಪುವುದಿಲ್ಲ. ಜಗತ್ತಿನವರೆಲ್ಲ ಈಚೆಗೆ ಪಿಸುಗುಟ್ಟಲು ಶುರು ಮಾಡಿದ್ದಾರೆ ಎಂಬುದು ಅವರ ವಾದ. ಡಬ್ಲಿನ್ ನಗರದ ಹೊರವಲಯದ ಬ್ಲಾಂಚರ್ಡ್ಸ್‌ಟೌನಿನ ನಮ್ಮ ಬಾಡಿಗೆ ಮನೆಗೆ ಬೇಸಿಗೆ ಕಳೆಯಲು ಬಂದವರು ಕಿವಿಯ ಮಷೀನನ್ನು ಮೈಸೂರಿನಲ್ಲೇ ಬಿಟ್ಟು ಬಂದಿದ್ದರು. ಯಾಕೆ ಎಂದರೆ, "ಅದು ಹಾಕ್ಕೊಂಡ್ರೆ ಎಲ್ರೂ ಕಿರುಚ್ತಾರೆ ಕಣೇ" ಅಂದರು. ಪಿಸುಗುಟ್ಟುವ ಜಗತ್ತು ಅಷ್ಟು ಬೇಗ ಕಿರುಚಲು ಕಲಿತದ್ದು ಹೇಗೋ!

ಒಮ್ಮೆ ಪಕ್ಕದ ಮನೆಯಾಕೆ ಬೇಲಿಯಾಚೆಯಿಂದ, ಇವತ್ತು ಬಿಸಿಲು 'ಗ್ರ್ಯಾಂಡ್' ಆಗಿದೆ ಎಂದಳು. ದೊಡ್ಡಮ್ಮ ಮುಖ ಊದಿಸಿಕೊಂಡು ಒಳಗೆ ಬಂದರು. "ನನ್ನನ್ನ ಗ್ರ್ಯಾಂಡ್‌ಮಾ ಅಂತಾಳೆ. ಅವಳೇನು ಸ್ಕೂಲಿಗೆ ಹೋಗ್ತಾಳಾ?"

ಹಗಲೆಲ್ಲ ಆಫೀಸಿನ ಮೀಟಿಂಗುಗಳಲ್ಲಿ ಮಾತಾಡಿ ಬಂದು, ಸಂಜೆ ಸಾರಿಗೆ ಉಪ್ಪು ಸಾಕೇ ಎಂಬುದನ್ನೂ ಮತ್ತೆ ಮತ್ತೆ ಕೂಗಿ ಕೇಳಬೇಕಾದರೆ ಗಂಟಲು ಎಷ್ಟೆಂದು ತಡೆದೀತು? ಶನಿವಾರ ಮಲಗಿಬಿಡೋಣ ಎಂದುಕೊಂಡಿದ್ದೆ. ದೊಡ್ಡಮ್ಮ ಸೀರೆಯ ಮೇಲೆ ಕೋಟು ಹಾಕಿಕೊಂಡು ಬಾಗಿಲಲ್ಲಿ ನಿಂತಿದ್ದರು. ಬಸ್ಸು ಹತ್ತಿ ಡಬ್ಲಿನ್ನಿಗೆ ಹೋದೆವು. ಕೂರಲು ಬೆಂಚು ಸಿಗುತ್ತದೆಂಬ ಒಂದೇ ಆಸೆಗೆ ಒಂದು ಮ್ಯೂಸಿಯಂ ಹೊಕ್ಕೆ.

ಒಳಗಿನ ಕತ್ತಲೆ ಕೋಣೆಯ ಗೋಡೆಯ ಮೇಲೆ ಹಳೆಯ ಕಪ್ಪುಬಿಳುಪು ಚಿತ್ರವೊಂದು ಓಡುತ್ತಿತ್ತು. ವೇದಿಕೆಯ ಮೇಲೆ ಒಬ್ಬ ನಾಯಕ, ಎದುರಿಗೆ ಟೋಪಿಗಳ ಸಮುದ್ರ. ನಾನು ಬೆಂಚಿನ ಮೇಲೆ ಕುಸಿದೆ. ದೊಡ್ಡಮ್ಮ ನೆಟ್ಟಗೆ ಗೋಡೆಯ ಹತ್ತಿರ ಹೋದರು.

"ಯಾರೇ ಇವನು?"

"ಇಲ್ಲಿನ ಹಳೇ ಲೀಡರು, ದೊಡ್ಡಮ್ಮ."

"ಏನಂತಿದಾನೆ?"

"ಸೌಂಡೇ ಇಲ್ಲ. ಆಗಿನ ಕಾಲದಲ್ಲಿ ಬರೀ ಚಿತ್ರ."

"ಯಾರಿಗೂ ಕೇಳಲ್ವಾ?"

"ಯಾರಿಗೂ ಕೇಳಲ್ಲ."

ದೊಡ್ಡಮ್ಮ ಸುತ್ತ ನೋಡಿದರು. ಒಬ್ಬ ಮುದುಕ, ತಳ್ಳುಗಾಡಿಯಲ್ಲಿ ಮಗು ಮಲಗಿಸಿಕೊಂಡ ತಾಯಿ, ಇಬ್ಬರು ಪ್ರವಾಸಿಗಳು. ಎಲ್ಲರೂ ಕತ್ತು ಮುಂದೆ ಚಾಚಿ ಆ ನಾಯಕನ ತುಟಿಗಳನ್ನೇ ದಿಟ್ಟಿಸುತ್ತಿದ್ದರು. ದೊಡ್ಡಮ್ಮ ದಿನವೂ ಊಟದ ಮೇಜಿನಲ್ಲಿ ನಮ್ಮ ತುಟಿಗಳನ್ನು ನೋಡುವುದು ಹೀಗೆಯೇ.

ಚಿತ್ರ ಮುಗಿದು ಮತ್ತೆ ಶುರುವಾಯಿತು. ಮತ್ತೆ ಮುಗಿಯಿತು. ಅವರು ಅಲ್ಲಾಡಲಿಲ್ಲ. ಕರೆದುಕೊಂಡು ಹೋಗೋಣವೆಂದು ಎದ್ದು ಹೋದರೆ, ನನ್ನ ಕೈ ಹಿಡಿದು ಪಕ್ಕದಲ್ಲಿ ನಿಲ್ಲಿಸಿಕೊಂಡರು.

"ಸುಸ್ತಾಗಿದೀಯ. ನನ್ ಮೇಲೆ ಒರಗ್ಕೋ. ಅವನು ಹೇಳೋದನ್ನ ನಾನು ಹೇಳ್ತೀನಿ."

ಒರಗಿದೆ. ಗೋಡೆಯ ಮೇಲಿನ ಮನುಷ್ಯ ಕೈಯೆತ್ತಿ ದೂರದತ್ತ ಬೀಸಿದ.

"ಹಿಂದೆ ನಿಂತೋರಿಗೆ ಕೇಳಿಸ್ತಿಲ್ಲ, ಅವರನ್ನ ಮುಂದಕ್ಕೆ ಬಿಡಿ ಅಂತಿದಾನೆ," ಅಂದರು ದೊಡ್ಡಮ್ಮ.

ಟೋಪಿಗಳ ನಡುವೆ ಜನ ಸ್ವಲ್ಪ ಸರಿದು ಜಾಗ ಮಾಡುತ್ತಿದ್ದರು.